ಬಸ್ಸು ದಾಟಿದ ಮೇಲೆ ಹಾರ್ನ್ ದನಿ ಯಾಕೆ ಇಳಿಯುತ್ತದೆ? ಡಾಪ್ಲರ್ ಪರಿಣಾಮ: ಪದೇ ಪದೇ ಕೇಳುವ ಪ್ರಶ್ನೆಗಳು

ಸುಂಟಿಕೊಪ್ಪದ ಹತ್ತಿರ ನಮ್ಮ ಮನೆ. ತೋಟದ ಗೇಟು ದಾಟಿ ಹತ್ತು ಹೆಜ್ಜೆ ಇಟ್ಟರೆ ಮಡಿಕೇರಿ–ಕುಶಾಲನಗರ ರಸ್ತೆ. ಬಸ್ಸು ಹಾರ್ನ್ ಒತ್ತಿಕೊಂಡೇ ಬರುತ್ತದೆ, ನಮ್ಮನ್ನು ದಾಟುತ್ತದೆ, ದಾಟಿದ ಕೂಡಲೇ ದನಿ ಕೆಳಗೆ ಜಾರುತ್ತದೆ. 'ಪೀಂ' ಅಂತ ಬಂದದ್ದು 'ಪೋಂ' ಅಂತ ಹೋಗುತ್ತದೆ. ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡುತ್ತಿದ್ದಾಗ ಮಕ್ಕಳು ಇದರ ಬಗ್ಗೆ ಕೇಳುತ್ತಿದ್ದರು. ಈಗ ನೆಂಟರು, ಪಕ್ಕದ ತೋಟದವರು ಕೇಳುತ್ತಾರೆ. ಆ ಪ್ರಶ್ನೆಗಳನ್ನೆಲ್ಲ ಇಲ್ಲಿ ಒಂದು ಕಡೆ ಸೇರಿಸಿದ್ದೇನೆ.

ಪುಸ್ತಕಗಳಲ್ಲಿ ಈ ಪಾಠಕ್ಕೆ ಯಾವಾಗಲೂ ರೈಲಿನ ಸಿಳ್ಳೆಯೇ ಉದಾಹರಣೆ. ಕೊಡಗಿನಲ್ಲಿ ರೈಲು ಹಳಿಯೇ ಇಲ್ಲ. ಹಾಗಾಗಿ ಇಲ್ಲಿ ಬಸ್ಸು, ಬರೆ (ರಸ್ತೆ ಬದಿಯ ಕಡಿದಾದ ಮಣ್ಣಿನ ಗೋಡೆ), ಕಾಫಿ ಕಣ ಇಟ್ಟುಕೊಂಡೇ ಮಾತಾಡೋಣ.

ಡಾಪ್ಲರ್ ಪರಿಣಾಮ ಅಂದ್ರೆ ಒಂದೇ ಮಾತಿನಲ್ಲಿ ಏನು?

ಅಲೆ ಹೊರಡಿಸುವ ವಸ್ತುವೋ, ಅದನ್ನು ಕೇಳುವ ಅಥವಾ ನೋಡುವ ನಾವೋ ಚಲಿಸುತ್ತಿದ್ದರೆ, ಸೆಕೆಂಡಿಗೆ ನಮಗೆ ಬಂದು ತಲುಪುವ ಅಲೆಗಳ ಲೆಕ್ಕ ಬದಲಾಗುತ್ತದೆ. ಹತ್ತಿರ ಬರುತ್ತಿದ್ದರೆ ಜಾಸ್ತಿ, ದೂರ ಹೋಗುತ್ತಿದ್ದರೆ ಕಡಿಮೆ. ಶಬ್ದದಲ್ಲಿ ಅದು ಶ್ರುತಿಯ ಏರಿಳಿತವಾಗಿ ಕೇಳಿಸುತ್ತದೆ. ಬೆಳಕಿನಲ್ಲಿ ಬಣ್ಣ ಸರಿಯುತ್ತದೆ.

ಹಾರ್ನ್ ಮಾತ್ರ ಬದಲಾಗಿರುವುದಿಲ್ಲ. ಅದು ಒಂದೇ ಸಮ ಕೂಗುತ್ತಿರುತ್ತದೆ. ಬದಲಾದದ್ದು ನಮಗೆ ಸಿಕ್ಕಿದ ಲೆಕ್ಕ. ಇದೊಂದು ಮನಸ್ಸಿನಲ್ಲಿ ಕೂತರೆ ಮುಂದಿನದೆಲ್ಲ ಸಲೀಸು.

ಅಲೆಗಳ ನಡುವಿನ ಅಂತರ ನಿಜವಾಗಿಯೂ ಕಡಿಮೆ ಆಗುತ್ತಾ, ಇಲ್ಲ ನಮಗೆ ಹಾಗೆ ಅನ್ನಿಸುತ್ತದಾ?

ನಿಜವಾಗಿಯೂ ಕಡಿಮೆ ಆಗುತ್ತದೆ. ತೋಟದ ಕೆರೆಯಲ್ಲಿ ಮೇಲೆ ಮೇಲೆ ಓಡಾಡುವ ನೀರ್ಹುಳವನ್ನು ನೋಡಿದ್ದೀರಲ್ಲ? ಒಂದೇ ಕಡೆ ನಿಂತು ಅಲುಗಾಡಿದರೆ ಸುತ್ತಲೂ ಉಂಗುರಗಳು ಸಮನಾಗಿ ಹರಡುತ್ತವೆ. ಮುಂದಕ್ಕೆ ಸಾಗುತ್ತಾ ಅಲುಗಾಡಿದರೆ ಮುಂದಿನ ಉಂಗುರಗಳು ಒತ್ತೊತ್ತಾಗಿ, ಹಿಂದಿನವು ಬಿಡಿಬಿಡಿಯಾಗಿ ಕಾಣುತ್ತವೆ. ಗಾಳಿಯಲ್ಲಿ ಕಣ್ಣಿಗೆ ಕಾಣದೆ ಆಗುವುದೂ ಇದೇ.

ಒಂದು ಲೆಕ್ಕ ಮಾಡೋಣ. ಹಾರ್ನ್ ಸೆಕೆಂಡಿಗೆ 400 ಅಲೆ ಬಿಡುತ್ತದೆ ಅಂತಿಟ್ಟುಕೊಳ್ಳಿ. ಅಂದರೆ ಅದರ ಆವೃತ್ತಿ 400 ಹರ್ಟ್ಸ್. 20 ಡಿಗ್ರಿ ಹವೆಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ಬಸ್ಸು ನಿಂತಿದ್ದರೆ ಒಂದು ಅಲೆಗೂ ಮುಂದಿನ ಅಲೆಗೂ ನಡುವೆ 86 ಸೆಂಟಿಮೀಟರ್ ಅಂತರ. ಈಗ ಬಸ್ಸು ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಬರುತ್ತಿದೆ. ಒಂದು ಅಲೆ ಬಿಟ್ಟು ಇನ್ನೊಂದು ಬಿಡುವಷ್ಟರಲ್ಲಿ ಅದು 4 ಸೆಂಟಿಮೀಟರ್‌ಗಿಂತ ಚೂರು ಜಾಸ್ತಿ ಮುಂದೆ ಬಂದಿರುತ್ತದೆ. ಅಷ್ಟರ ಮಟ್ಟಿಗೆ ಅದು ತಾನೇ ಬಿಟ್ಟ ಅಲೆಯ ಬೆನ್ನು ಹತ್ತಿದೆ. ಹಾಗಾಗಿ ಮುಂದುಗಡೆ ಅಂತರ ಸುಮಾರು 82 ಸೆಂಟಿಮೀಟರ್, ಹಿಂದುಗಡೆ ಸುಮಾರು 90.

ಇದನ್ನು ಆವೃತ್ತಿಗೆ ತಿರುಗಿಸಿದರೆ, ಬರುವಾಗ 420 ಹರ್ಟ್ಸ್, ಹೋಗುವಾಗ 381. ಸಂಗೀತ ಕಲಿತವರಿಗೆ ಹೇಳುವುದಾದರೆ, ಚತುಶ್ರುತಿ ರಿಷಭದಿಂದ ಷಡ್ಜಕ್ಕೆ ಇಳಿದದ್ದಕ್ಕಿಂತ ಸ್ವಲ್ಪ ಕಡಿಮೆ. ಸಂಗೀತ ಗೊತ್ತಿಲ್ಲದ ಕಿವಿಗೂ ಸಿಗುವಷ್ಟು ದೊಡ್ಡ ಇಳಿತ ಅದು.

ಬಸ್ಸು ಹತ್ತಿರ ಬಂದಷ್ಟೂ ದನಿಯ ಶ್ರುತಿ ಏರುತ್ತಾ ಹೋಗುತ್ತದೆ, ಅಲ್ವಾ?

ಇಲ್ಲ. ಹತ್ತರಲ್ಲಿ ಒಂಬತ್ತು ಮಂದಿ ಹೀಗೆಯೇ ಅಂದುಕೊಂಡಿದ್ದಾರೆ. ನಾನೂ ತುಂಬ ವರ್ಷ ಹಾಗೆಯೇ ಪಾಠ ಮಾಡಿದ್ದೇನೆ, ಅದಕ್ಕೇ ಇಲ್ಲಿ ಸ್ವಲ್ಪ ಬಿಡಿಸಿ ಹೇಳಬೇಕು ಅನ್ನಿಸುತ್ತದೆ.

ಏರುವುದು ದನಿಯ ಜೋರು. ಶ್ರುತಿ ಏರುವುದಿಲ್ಲ. ಕುಶಾಲನಗರದ ಕಡೆಯ ನೇರ ರಸ್ತೆಯಲ್ಲಿ ಒಂದೇ ವೇಗದಲ್ಲಿ ಬರುವ ಬಸ್ಸನ್ನು ಕೇಳಿ ನೋಡಿ. ದೂರದಲ್ಲಿರುವಾಗಲೇ ಶ್ರುತಿ ತನ್ನ ಮೇಲಿನ ಮಟ್ಟದಲ್ಲಿರುತ್ತದೆ. ಅಲ್ಲಿಂದ ಅದು ಏರುವುದೇ ಇಲ್ಲ, ಬರೀ ಇಳಿಯುತ್ತದೆ. ಮೊದಲು ತಿಳಿಯದಷ್ಟು ನಿಧಾನವಾಗಿ, ನಮ್ಮ ಎದುರು ಬರುವಾಗ ಸರಕ್ಕನೆ, ಆಮೇಲೆ ಮತ್ತೆ ನಿಧಾನವಾಗಿ.

ಕಾರಣ ಇಷ್ಟು. ಲೆಕ್ಕಕ್ಕೆ ಬರುವುದು ಬಸ್ಸಿನ ಇಡೀ ವೇಗ ಅಲ್ಲ, ಅದರಲ್ಲಿ ನೇರವಾಗಿ ನಮ್ಮ ಕಡೆಗಿರುವ ಪಾಲು ಮಾತ್ರ. ಬಸ್ಸು ದೂರದಲ್ಲಿದ್ದಾಗ ವೇಗವೆಲ್ಲ ನಮ್ಮ ಕಡೆಗೇ ಇರುತ್ತದೆ. ಎದುರಿಗೆ ಬಂದಾಗ ಅದು ನಮ್ಮನ್ನು ಅಡ್ಡಹಾಯುತ್ತಿರುತ್ತದೆ, ನಮ್ಮ ಕಡೆಗಿನ ಪಾಲು ಸೊನ್ನೆ. ನೀವು ರಸ್ತೆಗೆ ಎಷ್ಟು ಹತ್ತಿರ ನಿಂತಿರುತ್ತೀರೋ ಇಳಿತ ಅಷ್ಟು ಸರಕ್ಕನೆ ಆಗುತ್ತದೆ. ನಮ್ಮ ಮನೆಯ ಜಗಲಿಯಿಂದ ಕೇಳಿದರೆ ಅದೇ ಹಾರ್ನ್ ಮೆಲ್ಲಗೆ ಜಾರುತ್ತದೆ, ಗೇಟಿನ ಹತ್ತಿರ ಕೇಳಿದರೆ ಕಡಿದ ಹಾಗೆ ಇಳಿಯುತ್ತದೆ.

ಹಾಗಾದರೆ ಏರಿದ ಹಾಗೆ ಯಾಕೆ ಅನ್ನಿಸುತ್ತದೆ? ಜೋರು ಏರುವುದನ್ನೇ ನಮ್ಮ ಕಿವಿ ಶ್ರುತಿ ಏರಿತು ಅಂತ ತಪ್ಪು ತಿಳಿಯುತ್ತದೆ.

ಸಂಪಾಜೆ ಘಾಟಿಯಲ್ಲಿ ಮಾತ್ರ ಬೇರೆ ಕಥೆ. ಅಲ್ಲಿ ಬಸ್ಸು ಒಂದು ತಿರುವಿನಲ್ಲಿ ನಮ್ಮ ಕಡೆ, ಇನ್ನೊಂದರಲ್ಲಿ ಆಚೆ ಕಡೆ ಮುಖ ಮಾಡುತ್ತದೆ. ವೇಗವೂ ಒಂದೇ ಇರುವುದಿಲ್ಲ. ಅಲ್ಲಿ ಶ್ರುತಿ ನಿಜಕ್ಕೂ ಏರುತ್ತದೆ, ಇಳಿಯುತ್ತದೆ.

ಬಸ್ಸಿನ ಒಳಗೆ ಕೂತವರಿಗೆ ಏನೂ ಗೊತ್ತಾಗುವುದಿಲ್ಲವಾ?

ತಮ್ಮ ಬಸ್ಸಿನ ಹಾರ್ನ್ ಅವರಿಗೆ 400 ಹರ್ಟ್ಸ್ ಆಗಿಯೇ ಕೇಳುತ್ತದೆ. ಹಾರ್ನೂ ಅವರೂ ಒಟ್ಟಿಗೇ ಹೋಗುತ್ತಿದ್ದಾರಲ್ಲ.

ಆದರೆ ಕೊಡಗಿನ ರಸ್ತೆಯಲ್ಲಿ ಇನ್ನೊಂದು ವಿಷಯ ಇದೆ. ತಿರುವಿನಲ್ಲಿ ಎದುರಿಗೆ ಎತ್ತರದ ಬರೆ ಇರುತ್ತದೆ. ಡ್ರೈವರ್ ಹಾರ್ನ್ ಹೊಡೆದಾಗ ಶಬ್ದ ಬರೆಗೆ ತಗುಲಿ ವಾಪಸ್ ಬರುತ್ತದೆ. ಹೋಗುವಾಗಲೇ ಅಲೆಗಳು ಒತ್ತಾಗಿದ್ದವು, ವಾಪಸ್ ಬರುವಾಗ ಬಸ್ಸು ಅವುಗಳಿಗೆ ಎದುರಾಗಿ ಹೋಗುತ್ತಿದೆ. ಎರಡು ಸಲ ಏರಿತು. ಗಂಟೆಗೆ 36 ಕಿಲೋಮೀಟರ್ ವೇಗದಲ್ಲಿ 400 ಹರ್ಟ್ಸ್ ಹಾರ್ನಿನ ಪ್ರತಿಧ್ವನಿ 424 ಆಗಿ ಬರುತ್ತದೆ. ಇಂಜಿನ್ ಸದ್ದಿನ ನಡುವೆ ಇದು ಸುಲಭಕ್ಕೆ ಕೇಳಿಸುವುದಿಲ್ಲ. ಕಿಟಕಿ ತೆರೆದಿದ್ದು ಬಸ್ಸು ಇಳಿಜಾರಿನಲ್ಲಿ ತಣ್ಣಗೆ ಇಳಿಯುತ್ತಿದ್ದಾಗ, ಗಿಡ ಬೆಳೆಯದ ಬೋಳು ಬರೆ ಸಿಕ್ಕರೆ, ಹಾರ್ನಿನ ಬೆನ್ನಿಗೇ ಚೂರು ಎತ್ತರದ ಇನ್ನೊಂದು ದನಿ ಬರುತ್ತದೆ. ನಾನು ಎರಡು ಮೂರು ಸಲ ಕೇಳಿದ್ದೇನೆ. ಮುಂದೆ ಬರುವ ರಾಡಾರ್, ಬಾವಲಿ, ಸ್ಕ್ಯಾನಿಂಗ್ ಎಲ್ಲದರಲ್ಲೂ ಇರುವುದು ಇದೇ ಬರೆಯ ಪ್ರತಿಧ್ವನಿಯ ಲೆಕ್ಕ.

ಶಬ್ದ ಒಂದೇ ಕಡೆ ಇದ್ದು ನಾವು ಅದರ ಕಡೆಗೆ ಓಡಿದರೆ?

ಆಗಲೂ ಶ್ರುತಿ ಏರುತ್ತದೆ, ಆದರೆ ಕಾರಣ ಬೇರೆ. ಅಲೆಗಳ ಅಂತರ ಹಾಗೇ ಇರುತ್ತದೆ, ನಾವು ಅವುಗಳನ್ನು ಬೇಗ ಬೇಗ ಎದುರಾಗುತ್ತೇವೆ. 60 ಕಿಲೋಮೀಟರ್ ವೇಗದ ಬಸ್ಸು ನಿಂತ ನಮ್ಮ ಕಡೆ ಬಂದರೆ 420.4 ಹರ್ಟ್ಸ್. ನಿಂತ ಬಸ್ಸಿನ ಕಡೆಗೆ ನಾವು ಅದೇ ವೇಗದಲ್ಲಿ ಹೋದರೆ 419.4. ಒಂದೇ ಒಂದು ಹರ್ಟ್ಸ್ ವ್ಯತ್ಯಾಸ. ಚಿಕ್ಕದು, ಆದರೆ ಗಾಳಿಯ ಲೆಕ್ಕದಲ್ಲಿ ಯಾರು ಚಲಿಸುತ್ತಿದ್ದಾರೆ ಅನ್ನುವುದನ್ನು ಅದು ಹೇಳಿಬಿಡುತ್ತದೆ. ಬೆಳಕಿನಲ್ಲಿ ಈ ವ್ಯತ್ಯಾಸ ಇರುವುದಿಲ್ಲ. ಅದು ಕೆಳಗೆ ಬರುತ್ತದೆ.

ಕಕ್ಕಡದ (ಕೊಡಗಿನ ಜೋರು ಮಳೆಯ ತಿಂಗಳು) ಗಾಳಿಗೆ ಶ್ರುತಿ ಬದಲಾಗುತ್ತಾ?

ಗಾಳಿ ಒಂದೇ ಸಮ ಬೀಸುತ್ತಿದ್ದು, ಶಬ್ದ ಮಾಡುವವರೂ ಕೇಳುವವರೂ ನಿಂತಿದ್ದರೆ ಶ್ರುತಿ ಬದಲಾಗುವುದಿಲ್ಲ. ಎಲ್ಲ ಅಲೆಗಳೂ ಒಂದೇ ರೀತಿ ಬೇಗ ಅಥವಾ ತಡವಾಗಿ ಬರುತ್ತವೆ, ಲೆಕ್ಕ ಅಷ್ಟೇ ಇರುತ್ತದೆ. ದೂರಕ್ಕೆ ಕೇಳುವುದು, ಕೇಳದೇ ಹೋಗುವುದು ಬೇರೆ ವಿಷಯ.

ಮಡಿಕೇರಿ ಎತ್ತರದಲ್ಲಿದೆ, ಗಾಳಿ ತೆಳು. ಹಾಗಾಗಿ ಶಬ್ದ ನಿಧಾನವಾ?

ಎತ್ತರದಿಂದಲ್ಲ, ಚಳಿಯಿಂದ. ಶಬ್ದದ ವೇಗ ಹೆಚ್ಚುಕಡಿಮೆ ಹವೆಯ ಬಿಸಿಯನ್ನೇ ನಂಬಿದೆ. 20 ಡಿಗ್ರಿಯಲ್ಲಿ 343 ಮೀಟರ್ ಇದ್ದದ್ದು 10 ಡಿಗ್ರಿಯ ಚಳಿಯಲ್ಲಿ ಸುಮಾರು 337 ಆಗುತ್ತದೆ.

ಮನೆಯಲ್ಲಿ ಮಾಡಿ ನೋಡಬಹುದಾದ ಪ್ರಯೋಗ ಇದೆಯಾ?

ಇದೆ, ಖರ್ಚೂ ಜಾಸ್ತಿ ಇಲ್ಲ. ಎಲೆಕ್ಟ್ರಾನಿಕ್ಸ್ ಅಂಗಡಿಯಲ್ಲಿ ಸಿಗುವ ಚಿಕ್ಕ ಬಜರ್, ಒಂದು 9 ವೋಲ್ಟ್ ಬ್ಯಾಟರಿ, ಒಂದು ಹಳೆಯ ಕಾಲುಚೀಲ, ಗಟ್ಟಿ ಹಗ್ಗ. ಬಜರನ್ನು ಬ್ಯಾಟರಿಗೆ ಸೇರಿಸಿ ಕಾಲುಚೀಲದೊಳಗೆ ಹಾಕಿ, ಬಾಯಿ ಬಿಗಿಯಾಗಿ ಕಟ್ಟಿ, ಹಗ್ಗದ ತುದಿ ಹಿಡಿದು ತಲೆಯ ಮೇಲೆ ಗರಗರ ತಿರುಗಿಸಿ. ಜಾಗಕ್ಕೆ ಕಾಫಿ ಕಣಕ್ಕಿಂತ ಒಳ್ಳೆಯದು ಇಲ್ಲ. ಅಗಲವಾಗಿದೆ, ಸಮತಟ್ಟು, ಸುತ್ತ ಮರ ಇಲ್ಲ.

ಹಗ್ಗ ಒಂದು ಮೀಟರ್ ಇದ್ದು, ಸೆಕೆಂಡಿಗೆ ಎರಡು ಸುತ್ತು ಬಂದರೆ ಬಜರ್ ಸೆಕೆಂಡಿಗೆ ಹನ್ನೆರಡೂವರೆ ಮೀಟರ್ ವೇಗದಲ್ಲಿ ಹೋಗುತ್ತದೆ. ಬಜರಿನ ಆವೃತ್ತಿ 3,000 ಹರ್ಟ್ಸ್ ಆಗಿದ್ದರೆ, ಕಣದ ಅಂಚಿನಲ್ಲಿ ನಿಂತವರಿಗೆ ಅದು ಸುಮಾರು 3,114ಕ್ಕೂ 2,894ಕ್ಕೂ ನಡುವೆ ಜೀಕುತ್ತದೆ. 'ವೀಂ-ವೊಂ-ವೀಂ-ವೊಂ' ಅಂತ ಕೇಳುತ್ತದೆ.

ನನಗೆ ತುಂಬ ಇಷ್ಟವಾದದ್ದು ಇದರ ನಂತರದ ಭಾಗ. ತಿರುಗಿಸುತ್ತಿರುವವರನ್ನೇ ಕೇಳಿ, ನಿಮಗೆ ಏನು ಕೇಳಿಸುತ್ತಿದೆ ಅಂತ. ಅವರಿಗೆ ಒಂದೇ ದನಿ, ಏರಿಳಿತವೇ ಇಲ್ಲ. ಬಜರ್ ಅಷ್ಟು ವೇಗವಾಗಿ ಹೋಗುತ್ತಿದ್ದರೂ ಅವರಿಂದ ಅದರ ದೂರ ಬದಲಾಗುತ್ತಿಲ್ಲ, ಯಾವಾಗಲೂ ಒಂದೇ ಮೀಟರ್. ನಮ್ಮ ಕ್ಲಾಸಿನ ಒಬ್ಬ ಹುಡುಗಿ ತಿರುಗಿಸುತ್ತಾ "ಸರ್, ಇದರಲ್ಲಿ ಏನೂ ಆಗ್ತಾ ಇಲ್ಲ" ಅಂದಳು. ಹತ್ತು ಹೆಜ್ಜೆ ಆಚೆ ನಿಂತವರೆಲ್ಲ "ಆಗ್ತಾ ಇದೆ, ಆಗ್ತಾ ಇದೆ" ಅಂತ ಕೂಗಿದರು. ಹಗ್ಗ ಇನ್ನೊಬ್ಬರಿಗೆ ಕೊಟ್ಟು ಅವಳು ಅಂಚಿಗೆ ಓಡಿ ಬಂದಳು. ಕಿವಿಗೆ ಬಿದ್ದ ಕೂಡಲೇ ಅವಳ ಮುಖ ಅರಳಿದ್ದು ನನಗೆ ಇನ್ನೂ ನೆನಪಿದೆ.

ಒಂದು ಎಚ್ಚರಿಕೆ. ಮೊದಲ ವರ್ಷ ನಾನು ಕಾಲುಚೀಲ ಬಳಸಿರಲಿಲ್ಲ, ಬಜರನ್ನು ನೇರ ಹಗ್ಗಕ್ಕೆ ಕಟ್ಟಿದ್ದೆ. ಗಂಟು ಜಾರಿ ಅದು ಹಾರಿ ಹೋಗಿ ಒಬ್ಬ ಹುಡುಗನ ಭುಜಕ್ಕೆ ಬಡಿಯಿತು. ದೇವರ ದಯೆ, ಕಣ್ಣಿಗೆ ಬೀಳಲಿಲ್ಲ. ಚೀಲ ಇರಲಿ, ಎರಡು ಗಂಟು ಇರಲಿ, ನೋಡುವವರು ಹಗ್ಗದ ಮೂರು ಪಟ್ಟು ದೂರ ನಿಲ್ಲಲಿ. ಮೊಬೈಲನ್ನು ಮಾತ್ರ ಕಟ್ಟಿ ತಿರುಗಿಸಬೇಡಿ.

ಇದನ್ನು ಕಂಡುಹಿಡಿದವರು ಯಾರು?

ಕ್ರಿಶ್ಚಿಯನ್ ಡಾಪ್ಲರ್. ಆಸ್ಟ್ರಿಯಾದ ಸಾಲ್ಜ್‌ಬರ್ಗ್‌ನಲ್ಲಿ 1803ರಲ್ಲಿ ಹುಟ್ಟಿದವರು. 1842ರ ಮೇ 25ರಂದು ಪ್ರಾಗ್ ನಗರದಲ್ಲಿ ಈ ವಿಚಾರ ಮಂಡಿಸಿದರು. ಅವರು ಹೊರಟದ್ದು ಶಬ್ದದಿಂದಲ್ಲ, ನಕ್ಷತ್ರಗಳ ಬಣ್ಣದಿಂದ. ನಕ್ಷತ್ರಗಳೆಲ್ಲ ಮೂಲದಲ್ಲಿ ಬಿಳಿ, ಚಲನೆಯಿಂದ ಕೆಲವು ಕೆಂಪಗೆ, ಕೆಲವು ನೀಲಿಯಾಗಿ ಕಾಣುತ್ತವೆ ಅಂತ ಅವರು ನಂಬಿದ್ದರು. ಅದು ತಪ್ಪು. ನಕ್ಷತ್ರದ ಬಣ್ಣಕ್ಕೆ ಕಾರಣ ಅದರ ಬಿಸಿ. ಉದಾಹರಣೆ ತಪ್ಪಾಗಿತ್ತು, ಆದರೆ ಹಿಂದಿನ ನಿಯಮ ಸರಿಯಾಗಿತ್ತು. ವಿಜ್ಞಾನದಲ್ಲಿ ಹೀಗೂ ಆಗುತ್ತದೆ ಅನ್ನುವುದನ್ನು ಮಕ್ಕಳಿಗೆ ತಪ್ಪದೇ ಹೇಳುತ್ತಿದ್ದೆ.

ನಿಯಮವನ್ನು ಪರೀಕ್ಷೆಗೆ ಇಟ್ಟವರು ಹಾಲೆಂಡಿನ ಬೈಸ್ ಬಲೊಟ್. 1845ರಲ್ಲಿ ಉಟ್ರೆಕ್ಟ್ ಹತ್ತಿರದ ರೈಲು ದಾರಿಯಲ್ಲಿ ಒಂದು ಬಂಡಿಯಲ್ಲಿ ಕೊಂಬು ಊದುವವರನ್ನು ಕೂರಿಸಿದರು. ಹಳಿಯ ಪಕ್ಕ ಸ್ವರ ಗುರುತಿಸಬಲ್ಲ ಸಂಗೀತಗಾರರನ್ನು ನಿಲ್ಲಿಸಿದರು. ಚಳಿಗಾಲದ ಮೊದಲ ಪ್ರಯತ್ನ ಹಿಮದಿಂದ ಕೆಟ್ಟಿತು. ಜೂನ್‌ನಲ್ಲಿ ಮತ್ತೆ ಮಾಡಿದಾಗ ಡಾಪ್ಲರ್ ಹೇಳಿದ ಹಾಗೆಯೇ ಸ್ವರ ಏರಿತು, ಇಳಿಯಿತು. ಆವೃತ್ತಿ ಅಳೆಯಲು ಅವರು ಯಂತ್ರ ಇಟ್ಟಿರಲಿಲ್ಲ, ಕಿವಿಯೇ ಯಂತ್ರ. ನಮ್ಮ ಮದುವೆ ಮನೆಯ ವಾಲಗದವರನ್ನು ಜೀಪಿನಲ್ಲಿ ಕೂರಿಸಿ ಕೊಂಬು ಊದಿಸಿದರೂ ಇದೇ ಫಲಿತಾಂಶ ಬರುತ್ತದೆ.

ಶಬ್ದಕ್ಕಿಂತ ವೇಗವಾಗಿ ಹೋದರೆ ಏನಾಗುತ್ತದೆ?

ತಾನು ಬಿಟ್ಟ ಅಲೆಗಳನ್ನೇ ಅದು ಹಿಂದೆ ಹಾಕುತ್ತದೆ. ಮುಂದೆ ನಿಂತವರಿಗೆ ಅದು ಬರುವ ಸದ್ದೇ ಸಿಗುವುದಿಲ್ಲ. ಹಿಂದೆ ಬಿದ್ದ ಅಲೆಗಳೆಲ್ಲ ಒಂದರ ಮೇಲೊಂದು ಕೂಡಿ ಕೋನಿನ ಆಕಾರದಲ್ಲಿ ಹರಡುತ್ತವೆ, ಅದು ಕಿವಿಗೆ ಚಟೀರ್ ಎಂದು ಬಡಿಯುತ್ತದೆ. ಕೈಲ್ ಪೊಳ್ದ್ (ಕೊಡವರ ಆಯುಧ ಪೂಜೆಯ ಹಬ್ಬ) ದಿನ ಗುರಿ ಹೊಡೆಯುವ ಸ್ಪರ್ಧೆಯಲ್ಲಿ ರೈಫಲ್ ಗುಂಡಿನ ದಾರಿಯಿಂದ ಬದಿಗೆ ದೂರದಲ್ಲಿ ನಿಂತವರಿಗೆ ಎರಡು ಸದ್ದು ಕೇಳುವುದು ಇದಕ್ಕೇ. ಮೊದಲು ಗುಂಡಿನ ಚಟೀರ್, ಆಮೇಲೆ ಕೋವಿಯ ಢಂ.

ಬಾವಲಿಗೂ ಇದಕ್ಕೂ ಸಂಬಂಧ ಇದೆಯಂತೆ, ನಿಜವಾ?

ನಿಜ. ಈ ಇಡೀ ವಿಷಯದಲ್ಲಿ ನನ್ನನ್ನು ಜಾಸ್ತಿ ಬೆರಗುಗೊಳಿಸಿದ್ದು ಇದೇ.

ಪಶ್ಚಿಮ ಘಟ್ಟದ ಗುಹೆ, ಸುರಂಗ, ಹಳೆಯ ಕಟ್ಟಡಗಳಲ್ಲಿ ಮೂಗಿನ ಮೇಲೆ ಕುದುರೆ ಲಾಳದ ಆಕಾರ ಇರುವ ಚಿಕ್ಕ ಬಾವಲಿಗಳಿವೆ. ಅವು ನಮ್ಮ ಕಿವಿಗೆ ಕೇಳದಷ್ಟು ಎತ್ತರದ ಶ್ರುತಿಯಲ್ಲಿ, 80 ಸಾವಿರ ಹರ್ಟ್ಸ್ ಆಸುಪಾಸಿನಲ್ಲಿ, ಒಂದೇ ಸ್ವರದಲ್ಲಿ ಕೂಗುತ್ತವೆ. ಪ್ರತಿಧ್ವನಿ ಕೇಳಿ ದಾರಿ, ಹುಳ ಎರಡನ್ನೂ ಹುಡುಕುತ್ತವೆ. ಅವುಗಳ ಕಿವಿ ಒಂದು ಕಿರಿದಾದ ಆವೃತ್ತಿಯಲ್ಲಿ ಮಾತ್ರ ಬಹಳ ಚುರುಕು.

ಇಲ್ಲೊಂದು ತೊಡಕು ಇದೆ. ಬಾವಲಿ ಹಾರುತ್ತಾ ಕೂಗಿದರೆ, ಬರೆಯ ಎದುರಿನ ಬಸ್ಸಿನ ಹಾಗೆ, ಪ್ರತಿಧ್ವನಿ ಏರಿ ಬರುತ್ತದೆ. ಸೆಕೆಂಡಿಗೆ 5 ಮೀಟರ್ ಹಾರಿದರೆ 80 ಸಾವಿರದ ಕೂಗು 82 ಸಾವಿರ ದಾಟಿ ವಾಪಸ್ ಬರುತ್ತದೆ, ಕಿವಿ ಚುರುಕಾಗಿರುವ ಜಾಗ ತಪ್ಪುತ್ತದೆ. ಅದಕ್ಕೆ ಬಾವಲಿ ಏನು ಮಾಡುತ್ತದೆ ಗೊತ್ತಾ? ತನ್ನ ಕೂಗನ್ನೇ ಅಷ್ಟು ಇಳಿಸಿ ಕೂಗುತ್ತದೆ. ಪ್ರತಿಧ್ವನಿ ಸರಿಯಾಗಿ ಬೇಕಾದ ಆವೃತ್ತಿಗೇ ಬಂದು ಬೀಳುತ್ತದೆ. ಹಾರುವ ವೇಗ ಬದಲಾದ ಹಾಗೆಲ್ಲ ಕೂಗನ್ನೂ ತಿದ್ದಿಕೊಳ್ಳುತ್ತದೆ. ಜರ್ಮನಿಯ ಹಾನ್ಸ್-ಉಲ್ರಿಚ್ ಶ್ನಿಟ್ಸ್ಲರ್ 1968ರಲ್ಲಿ ಇದನ್ನು ತೋರಿಸಿಕೊಟ್ಟರು.

ಇನ್ನೂ ಇದೆ. ಪತಂಗ ರೆಕ್ಕೆ ಬಡಿದಾಗ ಆ ರೆಕ್ಕೆಯಿಂದ ಬರುವ ಪ್ರತಿಧ್ವನಿ ಮಾತ್ರ ಮೇಲೆ ಕೆಳಗೆ ನಡುಗುತ್ತದೆ. ಎಲೆಗಳ ಪ್ರತಿಧ್ವನಿ ಹಾಗೆ ನಡುಗುವುದಿಲ್ಲ. ಕತ್ತಲೆಯಲ್ಲಿ, ಪೊದೆಯ ನಡುವೆ, ಬಾವಲಿ ಹುಳವನ್ನು ಬೇರೆ ಮಾಡುವುದು ಆ ನಡುಕದಿಂದ.

ಆಸ್ಪತ್ರೆಯ 'ಡಾಪ್ಲರ್ ಸ್ಕ್ಯಾನ್' ಇದೇನಾ?

ಇದೇ. ನನ್ನ ಮಗಳು ಬಸುರಿಯಾಗಿದ್ದಾಗ ಒಬ್ಬರು ನರ್ಸ್ ಅವಳ ಹೊಟ್ಟೆಯ ಮೇಲೆ ಜೆಲ್ ಹಚ್ಚಿ ಅಂಗೈಯಗಲದ ಒಂದು ಯಂತ್ರ ಇಟ್ಟರು. ಮೊದಲು ಗರಗರ ಸದ್ದು. ಆಮೇಲೆ ದೂರದಲ್ಲಿ ಕುದುರೆ ಓಡಿದ ಹಾಗೆ ಟಕಟಕ ಟಕಟಕ. ಮಗಳು ನನ್ನ ಕೈ ಹಿಡಿದುಕೊಂಡಳು. ಅಷ್ಟು ವರ್ಷ ಪಾಠ ಮಾಡಿದ್ದ ನನಗೂ ಆ ಕ್ಷಣ ಮಾತು ಬರಲಿಲ್ಲ.

ಆಮೇಲೆ ಬಸ್ಸಿನಲ್ಲಿ ವಾಪಸ್ ಬರುವಾಗ ಅವಳಿಗೆ ವಿವರಿಸಿದೆ. ನಾವು ಕೇಳಿದ್ದು ಎದೆಯ ಸ್ವಂತ ಸದ್ದಲ್ಲ. ಯಂತ್ರ ಸೆಕೆಂಡಿಗೆ 20 ಲಕ್ಷ ಸಲ ಕಂಪಿಸುವ ಅಲೆಯನ್ನು ಒಳಗೆ ಕಳಿಸುತ್ತದೆ. ಚಲಿಸುವ ರಕ್ತಕ್ಕೆ, ಮಿಡಿಯುವ ಪುಟ್ಟ ಹೃದಯಕ್ಕೆ ತಗುಲಿ ಅದು ಆವೃತ್ತಿ ಬದಲಿಸಿಕೊಂಡು ವಾಪಸ್ ಬರುತ್ತದೆ. ಹೋದದ್ದಕ್ಕೂ ಬಂದದ್ದಕ್ಕೂ ಇರುವ ವ್ಯತ್ಯಾಸವನ್ನು ಯಂತ್ರ ಸ್ಪೀಕರಿಗೆ ಕೊಡುತ್ತದೆ. ಮೈಯೊಳಗೆ ಶಬ್ದ ಸೆಕೆಂಡಿಗೆ ಸುಮಾರು 1,540 ಮೀಟರ್ ಹೋಗುತ್ತದೆ. ರಕ್ತ ಸೆಕೆಂಡಿಗೆ ಅರ್ಧ ಮೀಟರ್ ಹರಿದರೆ ವ್ಯತ್ಯಾಸ ಸುಮಾರು 1,300 ಹರ್ಟ್ಸ್. ಅದು ಸರಿಯಾಗಿ ನಮ್ಮ ಕಿವಿಗೆ ಕೇಳುವ ಮಟ್ಟ. ನಾವು ಕೇಳಿದ್ದು ಚಲನೆಯ ದನಿ.

ಕಲರ್ ಡಾಪ್ಲರ್ ರಿಪೋರ್ಟಿನಲ್ಲಿ ನೀಲಿ ಇದ್ದರೆ ಅದು ಕೆಟ್ಟ ರಕ್ತವಾ?

ಅಲ್ಲ, ಹೆದರಬೇಡಿ. ಸಾಮಾನ್ಯವಾಗಿ ಯಂತ್ರದ ಕಡೆಗೆ ಬರುವ ರಕ್ತಕ್ಕೆ ಕೆಂಪು, ಆಚೆ ಹೋಗುವುದಕ್ಕೆ ನೀಲಿ ಬಣ್ಣ ಕೊಡುತ್ತಾರೆ. ಅದು ದಿಕ್ಕು, ಅಷ್ಟೇ. ಆಕಾಶದ ವಿಷಯದಲ್ಲಿ ಇದು ತಿರುಗಾಮುರುಗಾ. ಅಲ್ಲಿ ದೂರ ಹೋಗುವುದು ಕೆಂಪು.

ಡಾಪ್ಲರ್ ರಾಡಾರ್ ಹತ್ತಿರ ಇದ್ದರೆ ಭೂಕುಸಿತ ಮೊದಲೇ ಗೊತ್ತಾಗುತ್ತದಾ?

2018ರ ಆಗಸ್ಟ್ ಆದ ಮೇಲೆ ಕೊಡಗಿನಲ್ಲಿ ಈ ಪ್ರಶ್ನೆ ಕೇಳದವರಿಲ್ಲ. ಮನೆ, ತೋಟ, ಜನ ಕಳೆದುಕೊಂಡವರ ಊರು ಇದು. ಹಾಗಾಗಿ ನೇರವಾಗಿ ಹೇಳುತ್ತೇನೆ.

ಸಾದಾ ಮಳೆ ರಾಡಾರ್ ರೇಡಿಯೋ ಅಲೆ ಬಿಟ್ಟು, ಮಳೆಹನಿಗೆ ತಗುಲಿ ಎಷ್ಟು ವಾಪಸ್ ಬಂತು ಅಂತ ನೋಡುತ್ತದೆ. ಅದರಿಂದ ಮಳೆ ಎಲ್ಲಿದೆ, ಎಷ್ಟು ಜೋರಿದೆ ಅನ್ನುವುದು ತಿಳಿಯುತ್ತದೆ. ಡಾಪ್ಲರ್ ರಾಡಾರ್ ಜೊತೆಗೆ ಆ ಹನಿಗಳು ತನ್ನ ಕಡೆಗೆ ಬರುತ್ತಿವೆಯೋ, ಆಚೆ ಹೋಗುತ್ತಿವೆಯೋ, ಎಷ್ಟು ವೇಗದಲ್ಲಿ ಅಂತಲೂ ಅಳೆಯುತ್ತದೆ. ಅಂದರೆ ಮೋಡದ ಒಳಗಿನ ಗಾಳಿ ಕಾಣುತ್ತದೆ. ಮುಂದಿನ ಕೆಲವು ಗಂಟೆಗಳಲ್ಲಿ ಮಳೆ ಎತ್ತ ಸಾಗುತ್ತದೆ ಅಂತ ಹೇಳಲು ಇದರಿಂದ ದೊಡ್ಡ ಸಹಾಯ.

ಆದರೆ ಅದು ಮಣ್ಣನ್ನು ನೋಡುವುದಿಲ್ಲ. ಬರೆ ಎಷ್ಟು ನೀರು ಕುಡಿದಿದೆ, ಇಳಿಜಾರನ್ನು ಎಲ್ಲಿ ಕಡಿದಿದ್ದಾರೆ, ಯಾವ ತೋಡು ಮುಚ್ಚಿಹೋಗಿದೆ ಅನ್ನುವುದು ರಾಡಾರಿಗೆ ಗೊತ್ತಿಲ್ಲ. ಇನ್ನೊಂದು ತೊಂದರೆ ಎಂದರೆ ರಾಡಾರಿನ ಅಲೆ ಬೆಟ್ಟ ತೂರಿ ಹೋಗುವುದಿಲ್ಲ. ಬೆಟ್ಟದ ಮರೆಯ ಕಣಿವೆಯ ಮಳೆ ಅದಕ್ಕೆ ಕಾಣದೇ ಹೋಗಬಹುದು. ರಾಡಾರ್ ಖಂಡಿತ ಬೇಕು, ಜೊತೆಗೆ ನೆಲದ ಮೇಲೆ ಮಳೆಮಾಪಕವೂ ಬೇಕು, ಬರೆಯಲ್ಲಿ ಬಿರುಕು ಕಂಡ ಕೂಡಲೇ ಮನೆ ಬಿಡುವ ಎಚ್ಚರವೂ ಬೇಕು. ಒಂದಿದ್ದರೆ ಇನ್ನೊಂದು ಬೇಡ ಅಂತ ಯಾರಾದರೂ ಹೇಳಿದರೆ ನಂಬಬೇಡಿ.

ಪೊಲೀಸರ ಸ್ಪೀಡ್ ಗನ್? ಮೊಬೈಲ್ ಮ್ಯಾಪಿನಲ್ಲಿ ಕಾಣುವ ವೇಗ?

ರಾಡಾರ್ ಬಗೆಯ ಸ್ಪೀಡ್ ಗನ್‌ನಲ್ಲಿ ಇದೇ ಲೆಕ್ಕ. ಮೊಬೈಲ್ ಕೂಡ ಉಪಗ್ರಹಗಳ ಸಿಗ್ನಲ್‌ನ ಆವೃತ್ತಿ ಎಷ್ಟು ಸರಿದಿದೆ ಅನ್ನುವುದರಿಂದ ನಿಮ್ಮ ವೇಗ ತಿಳಿಯುತ್ತದೆ. ಬೆಂಗಳೂರಿನ ಹತ್ತಿರ ಬ್ಯಾಲಾಳುವಿನಲ್ಲಿರುವ ಇಸ್ರೋದ 32 ಮೀಟರ್ ಅಗಲದ ಆಂಟೆನಾ ಚಂದ್ರಯಾನದಂಥ ನೌಕೆಗಳ ವೇಗ ಲೆಕ್ಕ ಹಾಕಿದ್ದೂ ಹೀಗೆಯೇ.

ಬೆಳಕಿಗೂ ಹೀಗೇ ಆಗುವುದಾದರೆ ಬಸ್ಸಿನ ಕೆಂಪು ದೀಪದ ಬಣ್ಣ ಯಾಕೆ ಬದಲಾಗುವುದಿಲ್ಲ?

ಬದಲಾಗುತ್ತದೆ, ಕಣ್ಣಿಗೆ ಸಿಗುವುದಿಲ್ಲ. ಶಬ್ದದ ವೇಗಕ್ಕೆ ಹೋಲಿಸಿದರೆ ಬಸ್ಸಿನ ವೇಗ ಇಪ್ಪತ್ತರಲ್ಲಿ ಒಂದು ಪಾಲು. ಬೆಳಕು ಸೆಕೆಂಡಿಗೆ ಸುಮಾರು 3 ಲಕ್ಷ ಕಿಲೋಮೀಟರ್ ಹೋಗುತ್ತದೆ. ಅದರ ಮುಂದೆ ಬಸ್ಸು 1 ಕೋಟಿ 80 ಲಕ್ಷದಲ್ಲಿ ಒಂದು ಪಾಲು. ಕೆಂಪು ದೀಪ ಹಸಿರಾಗಿ ಕಾಣಬೇಕಾದರೆ ಸೆಕೆಂಡಿಗೆ ಸುಮಾರು 60,000 ಕಿಲೋಮೀಟರ್ ವೇಗದಲ್ಲಿ ಅದರ ಕಡೆಗೆ ಹೋಗಬೇಕು. ಸೆಕೆಂಡಿಗೆ ಭೂಮಿಯನ್ನು ಒಂದೂವರೆ ಸುತ್ತು ಹಾಕಿದ ಹಾಗೆ.

ಇನ್ನೊಂದು ಮುಖ್ಯ ವ್ಯತ್ಯಾಸ. ಶಬ್ದಕ್ಕೆ ಗಾಳಿ ಬೇಕು, ಬೆಳಕಿಗೆ ಏನೂ ಬೇಡ. ಹಾಗಾಗಿ ಬೆಳಕಿನಲ್ಲಿ ದೀಪ ಚಲಿಸಿತೋ ನಾವು ಚಲಿಸಿದೆವೋ ಅಂತ ಕೇಳುವುದಕ್ಕೇ ಅರ್ಥ ಇಲ್ಲ, ಇಬ್ಬರ ನಡುವಿನ ವೇಗ ಮಾತ್ರ ಲೆಕ್ಕ. 1905ರಲ್ಲಿ ಐನ್‌ಸ್ಟೈನ್ ಇದರ ಸರಿಯಾದ ಸೂತ್ರ ಕೊಟ್ಟರು. ಆ ಸೂತ್ರದ ಪ್ರಕಾರ ವಸ್ತು ನಮ್ಮನ್ನು ಅಡ್ಡಹಾಯುವಾಗಲೂ ಆವೃತ್ತಿ ಚೂರು ಇಳಿಯುತ್ತದೆ. ಚಲಿಸುವ ಗಡಿಯಾರ ನಿಧಾನ ಆಗುತ್ತದೆ, ಅದಕ್ಕೆ. ಅಮೆರಿಕದ ಐವ್ಸ್ ಮತ್ತು ಸ್ಟಿಲ್‌ವೆಲ್ 1938ರಲ್ಲಿ ಆ ನಿಧಾನವನ್ನು ಪ್ರಯೋಗದಲ್ಲಿ ಕಂಡರು.

ನಕ್ಷತ್ರದ ಮೂಲ ಬಣ್ಣ ಗೊತ್ತಿಲ್ಲದೆ ಅದು ಸರಿದಿದೆ ಅಂತ ಹೇಗೆ ಹೇಳುತ್ತಾರೆ?

ಬಹಳ ಒಳ್ಳೆಯ ಪ್ರಶ್ನೆ. ಉತ್ತರ ಇರುವುದು ಬಣ್ಣದಲ್ಲಿ ಅಲ್ಲ, ಗೆರೆಗಳಲ್ಲಿ. ನಕ್ಷತ್ರದ ಬೆಳಕನ್ನು ಕಾಮನಬಿಲ್ಲಿನ ಹಾಗೆ ಬಿಡಿಸಿದರೆ ನಡುನಡುವೆ ಕಪ್ಪು ಗೆರೆಗಳು ಕಾಣುತ್ತವೆ. ಒಂದೊಂದು ಧಾತುವಿಗೂ ಅದರದೇ ಗೆರೆಗಳು, ಅದರದೇ ಜಾಗ. ಹೈಡ್ರೋಜನ್ನಿನ ಒಂದು ಗೆರೆ ಪ್ರಯೋಗಶಾಲೆಯಲ್ಲಿ, ಬೆಳಕಿನ ಅಲೆಗಳ ಅಂತರ 656.3 ನ್ಯಾನೋಮೀಟರ್ ಇರುವ ಜಾಗದಲ್ಲಿ ಇರುತ್ತದೆ. ನಕ್ಷತ್ರದಲ್ಲಿ ಅದು ಚೂರು ಆಚೆ ಅಥವಾ ಈಚೆ ಇದ್ದರೆ ವೇಗ ಸಿಕ್ಕಿತು. ಫ್ರಾನ್ಸಿನ ಫಿಝೋ 1848ರಲ್ಲಿ ಈ ದಾರಿ ತೋರಿಸಿದರು, ಇಂಗ್ಲೆಂಡಿನ ವಿಲಿಯಂ ಹಗಿನ್ಸ್ 1868ರಲ್ಲಿ ಲುಬ್ಧಕ ನಕ್ಷತ್ರದ ಮೇಲೆ ಪ್ರಯೋಗಿಸಿದರು.

ನಮ್ಮ ದಕ್ಷಿಣದಲ್ಲಿಯೂ ದೊಡ್ಡ ಕೆಲಸ ಆಗಿದೆ. ಕೊಡೈಕನಾಲ್ ವೀಕ್ಷಣಾಲಯದಲ್ಲಿ ಜಾನ್ ಎವರ್‌ಶೆಡ್ 1909ರಲ್ಲಿ ಸೂರ್ಯನ ಕಲೆಗಳ ಗೆರೆಗಳನ್ನು ನೋಡಿದರು. ಕಲೆಯ ಒಂದು ಬದಿಯಲ್ಲಿ ಗೆರೆ ಕೆಂಪಿನ ಕಡೆಗೆ, ಇನ್ನೊಂದು ಬದಿಯಲ್ಲಿ ನೀಲಿಯ ಕಡೆಗೆ ಸರಿದಿತ್ತು. ಕಲೆಯ ನಡುವಿನಿಂದ ಹೊರಗೆ ಅನಿಲ ಹರಿಯುತ್ತಿದೆ ಅಂತ ಗೊತ್ತಾಯಿತು. ಆ ಹರಿವಿಗೆ ಇವತ್ತೂ ಎವರ್‌ಶೆಡ್ ಅವರ ಹೆಸರೇ.

ಬೇರೆ ನಕ್ಷತ್ರಗಳ ಸುತ್ತ ಗ್ರಹ ಇರುವುದು ಇದರಿಂದಲೇ ಗೊತ್ತಾಯಿತಾ?

ಮೊದಮೊದಲು ಸಿಕ್ಕಿದ ಹಲವು ಗ್ರಹಗಳು ಹೀಗೆಯೇ ಸಿಕ್ಕವು. ಗ್ರಹ ನಕ್ಷತ್ರವನ್ನು ಸುತ್ತುವಾಗ ನಕ್ಷತ್ರವೂ ಚೂರು ಆಚೆ ಈಚೆ ಓಲಾಡುತ್ತದೆ. 1995ರಲ್ಲಿ ಮೇಯರ್ ಮತ್ತು ಕ್ವೆಲೋ 51 ಪೆಗಾಸಿ ಎಂಬ ನಕ್ಷತ್ರದ ಓಲಾಟ ಹಿಡಿದರು, 2019ರಲ್ಲಿ ಅವರಿಗೆ ನೊಬೆಲ್ ಬಂತು. ನಮ್ಮ ಗುರುಗ್ರಹ ಸೂರ್ಯನನ್ನು ಸೆಕೆಂಡಿಗೆ ಸುಮಾರು ಹನ್ನೆರಡೂವರೆ ಮೀಟರ್ ವೇಗದಲ್ಲಿ ಓಲಾಡಿಸುತ್ತದೆ. ಕಾಫಿ ಕಣದಲ್ಲಿ ನಾವು ತಿರುಗಿಸಿದ ಬಜರಿನ ವೇಗವೂ ಅಷ್ಟೇ. ಭೂಮಿಯಿಂದ ಆಗುವ ಓಲಾಟ ಸೆಕೆಂಡಿಗೆ ಬರೀ 9 ಸೆಂಟಿಮೀಟರ್.

ಗೆಲಾಕ್ಸಿಗಳು ದೂರ ಓಡುತ್ತಿವೆ ಅನ್ನುವುದೂ ಡಾಪ್ಲರ್ ಪರಿಣಾಮವೇ?

ಹತ್ತಿರದ ಗೆಲಾಕ್ಸಿಗಳ ಮಟ್ಟಿಗೆ ಹಾಗೆ ಅನ್ನಬಹುದು. ವೆಸ್ಟೊ ಸ್ಲೈಫರ್ 1912ರಿಂದ ಗೆಲಾಕ್ಸಿಗಳ ಗೆರೆಗಳನ್ನು ಅಳೆಯುತ್ತಾ ಬಂದರು, ಹೆಚ್ಚಿನವು ಕೆಂಪಿನ ಕಡೆ ಸರಿದಿದ್ದವು. 1929ರಲ್ಲಿ ಎಡ್ವಿನ್ ಹಬಲ್, ದೂರ ಜಾಸ್ತಿ ಆದಷ್ಟೂ ಸರಿಯುವುದೂ ಜಾಸ್ತಿ ಅಂತ ತೋರಿಸಿದರು.

ಬಹಳ ದೂರದವಕ್ಕೆ ಮಾತ್ರ ಬಸ್ಸಿನ ಉದಾಹರಣೆ ಸಾಲುವುದಿಲ್ಲ. ಟೈಲರ್ ಅಂಗಡಿಯ ಅಗಲ ಎಲಾಸ್ಟಿಕ್ ಮೇಲೆ ಪೆನ್ನಿನಿಂದ ಒಂದು ಅಲೆ ಬರೆಯಿರಿ, ಎರಡು ತುದಿ ಹಿಡಿದು ಎಳೆಯಿರಿ. ಅಲೆಯೇ ಹಿಗ್ಗುತ್ತದೆ ಅಲ್ವಾ? ಬೆಳಕು ದಾರಿಯಲ್ಲಿರುವಾಗಲೇ ಗೆಲಾಕ್ಸಿಗಳ ನಡುವಿನ ಜಾಗವೇ ಹಿಗ್ಗಿ ಅಲೆಯೂ ಹಿಗ್ಗಿತು. ಕಾಣುವುದು ಗೆರೆ ಕೆಂಪಿನ ಕಡೆ ಸರಿಯುವ ಅದೇ ಕೆಂಪು ಪಲ್ಲಟ, ಹಿಂದಿನ ಕಾರಣ ಬೇರೆ.

ನಮ್ಮ ಕಡೆಗೆ ಬರುವ ಗೆಲಾಕ್ಸಿ ಯಾವುದಾದರೂ ಇದೆಯಾ? ಕೊಡಗಿನಿಂದ ಕಾಣುತ್ತದಾ?

ಇದೆ, ಆಂಡ್ರೊಮಿಡಾ. ಮಳೆಗಾಲ ಮುಗಿದು ಆಕಾಶ ತೊಳೆದ ಹಾಗಿರುವ ದಿನಗಳಲ್ಲಿ ಬರಿಗಣ್ಣಿಗೇ ಕಾಣುತ್ತದೆ. ಪುತ್ತರಿಯ (ಕೊಡಗಿನ ಸುಗ್ಗಿ ಹಬ್ಬ) ರಾತ್ರಿ ಬೇಡ, ಅವತ್ತು ಹುಣ್ಣಿಮೆ. ಅಲ್ಲಿಂದ ಎರಡು ವಾರ ಆಚೆ ಅಥವಾ ಈಚೆ, ಅಮಾವಾಸ್ಯೆಯ ಹತ್ತಿರದ ರಾತ್ರಿ ನೋಡಿ. ಡಿಸೆಂಬರ್ ಮೊದಲ ವಾರವಾದರೆ ರಾತ್ರಿ 8 ಗಂಟೆ ದಾಟಿದ ಮೇಲೆ ಅಂಗಳದ ದೀಪ ಆರಿಸಿ, ಉತ್ತರಕ್ಕೆ ಮುಖ ಮಾಡಿ ನಿಲ್ಲಿ. ನೆತ್ತಿಯಿಂದ ಉತ್ತರದ ದಿಗಂತಕ್ಕೆ ಇರುವ ದೂರದಲ್ಲಿ ಮೇಲಿನ ಮೂರನೇ ಒಂದು ಪಾಲು ಇಳಿದು ಬನ್ನಿ. ಕಣ್ಣು ಕತ್ತಲೆಗೆ ಹೊಂದಲು ಹತ್ತು ಹದಿನೈದು ನಿಮಿಷ ಬೇಕು. ಆಮೇಲೆ ಒಂದು ಮಸುಕಾದ ಉದ್ದನೆಯ ಮಚ್ಚೆ ಕಾಣುತ್ತದೆ, ಗಾಜಿನ ಮೇಲೆ ಉಸಿರು ಬಿಟ್ಟ ಹಾಗೆ. ನೇರ ದಿಟ್ಟಿಸುವುದಕ್ಕಿಂತ ಓರೆಗಣ್ಣಿನಲ್ಲಿ ಚೆನ್ನಾಗಿ ಸಿಗುತ್ತದೆ.

ಆ ಬೆಳಕು ಹೊರಟು 25 ಲಕ್ಷ ವರ್ಷ ಆಗಿದೆ. ಸ್ಲೈಫರ್ 1912ರಲ್ಲಿ ಮೊದಲು ಅಳೆದ ಗೆಲಾಕ್ಸಿಯೂ ಇದೇ, ಅವರಿಗೆ ಸಿಕ್ಕ ವೇಗ ಸೆಕೆಂಡಿಗೆ ಸುಮಾರು 300 ಕಿಲೋಮೀಟರ್, ನಮ್ಮ ಕಡೆಗೆ. ಅದರಲ್ಲಿ ದೊಡ್ಡ ಪಾಲು ನಮ್ಮ ಸೂರ್ಯ ಆಕಾಶಗಂಗೆಯನ್ನು ಸುತ್ತುತ್ತಾ ಆ ಕಡೆಗೇ ಹೋಗುತ್ತಿರುವುದರಿಂದ ಬಂದದ್ದು. 300 ಕಿಲೋಮೀಟರ್ ಅಂದರೆ ಬೆಳಕಿನ ವೇಗದ ಸಾವಿರದಲ್ಲಿ ಒಂದು ಪಾಲು. ಹಾಗಾಗಿ ಅಂಗಳದಲ್ಲಿ ನಿಂತ ನಿಮ್ಮ ಕಣ್ಣಿಗೆ ಬೀಳುವ ಆ ಮಚ್ಚೆಯ ಒಂದೊಂದು ಅಲೆಯೂ, ಗೇಟಿನ ಕಡೆ ಬರುವ ಬಸ್ಸಿನ ಹಾರ್ನಿನ ಹಾಗೆ, ಸಾವಿರದಲ್ಲಿ ಒಂದು ಪಾಲು ಒತ್ತಿಕೊಂಡು ಬಂದಿರುತ್ತದೆ.